ಬೀಳುವುದಕ್ಕೆ ಮುಂಚೆ

ಹಾಸ್ಯ ಅಂದ ಕೂಡಲೇ ನಮ್ಮ ಕನ್ನಡ ತರಗತಿಗಳಲ್ಲಿ ನೆನಪಾಗುವುದು ಮಾತು. ಕೈಲಾಸಂ ಪಾತ್ರಗಳ ಇಂಗ್ಲಿಷು ಬೆರೆತ ಕನ್ನಡ, ಬೀಚಿಯವರ ಶ್ಲೇಷೆ, ಕೊರವಂಜಿಯ ನಗೆಬರಹ, ಎಲ್ಲವೂ ನಾಲಿಗೆಯ ಕೆಲಸ. ಜಾರಿ ಬೀಳುವುದು, ಒದೆ ತಿನ್ನುವುದು, ಮುಖಕ್ಕೆ ನೀರು ರಾಚಿಸಿಕೊಳ್ಳುವುದು ಇವೂ ಹಾಸ್ಯವೇ, ಆದರೆ ಕೆಳದರ್ಜೆಯದು, ಮಕ್ಕಳಿಗೆ ಸರಿ, ಅದರ ಬಗ್ಗೆ ಬರೆಯುವುದೇನಿದೆ ಅಂತ ಒಂದು ಅಭಿಪ್ರಾಯ ನಮ್ಮಲ್ಲಿ ಗಟ್ಟಿಯಾಗಿ ಕೂತುಬಿಟ್ಟಿದೆ. ನನಗೆ ಅದು ಒಪ್ಪಿಗೆಯಿಲ್ಲ. ಪ್ರತಿ ವರ್ಷ ಗ್ಯಾದರಿಂಗಿಗೆ ಪ್ರಹಸನ ಬರೆಯುವ ಗೆಳೆಯರನ್ನು ಎದುರಿಗೆ ಕೂರಿಸಿಕೊಂಡ ಹಾಗೆ ಈ ಲೇಖನ ಬರೆಯುತ್ತಿದ್ದೇನೆ. ನನ್ನ ವಾದ ಇಷ್ಟೆ: ಮೂಕಿ ಕಾಲದ ಒಳ್ಳೆಯ ಕಿರುಚಿತ್ರಗಳಲ್ಲಿ ನಗು ಹುಟ್ಟುವುದು ಮನುಷ್ಯ ಬಿದ್ದಾಗ ಅಲ್ಲ, ಬೀಳುವುದಕ್ಕೆ ಮುಂಚೆ ಯಾರಿಗೆ ಏನು ಗೊತ್ತಿತ್ತು, ಯಾರಿಗೆ ಗೊತ್ತಿರಲಿಲ್ಲ ಎನ್ನುವ ಲೆಕ್ಕದಲ್ಲಿ.

ಇಂಥ ಹಾಸ್ಯಕ್ಕೆ ಇಂಗ್ಲಿಷಿನಲ್ಲಿ ಸ್ಲ್ಯಾಪ್‌ಸ್ಟಿಕ್ ಅನ್ನುತ್ತಾರೆ. ಅದು ನಿಜವಾಗಿ ಒಂದು ಕೋಲಿನ ಹೆಸರು. ಇಟಲಿಯ ಕೊಮೆದಿಯಾ ದೆಲ್ಲಾರ್ತೆ ಎಂಬ ಹಳೆಯ ನಾಟಕ ಸಂಪ್ರದಾಯದಲ್ಲಿ ವಿದೂಷಕರು ಎರಡು ತೆಳು ಹಲಗೆ ಜೋಡಿಸಿದ ಕೋಲು ಹಿಡಿದಿರುತ್ತಿದ್ದರು. ಹೊಡೆದರೆ ಪೆಟ್ಟು ಸಣ್ಣದು, ಚಟಾರನೆ ಬರುವ ಸದ್ದು ದೊಡ್ಡದು. ತಮಾಷೆ ನೋಡಿ, ಸದ್ದೇ ಇಲ್ಲದ ಸಿನಿಮಾ ಈ ಸದ್ದಿನ ಕೋಲಿನ ಹೆಸರನ್ನೇ ಎತ್ತಿಕೊಂಡಿತು. ಪಿಯಾನೋದವನು ಪರದೆಯ ಪಕ್ಕ ಕೂತು ಏನಾದರೂ ನುಡಿಸುತ್ತಿದ್ದ, ಅದು ಬೇರೆ ಮಾತು. ಪೆಟ್ಟಿನ ಸದ್ದು ಮಾತ್ರ ಇಲ್ಲ. ಹಾಗಾದರೆ ಆ ಸದ್ದಿನ ಜಾಗದಲ್ಲಿ ಏನು ಬಂತು?

ಮೊದಲ ಪಾಠ 1895ರದು. ಪ್ಯಾರಿಸ್ಸಿನ ಗ್ರಾಂ ಕಫೆಯಲ್ಲಿ ಆ ವರ್ಷ ಡಿಸೆಂಬರ್ 28ರಂದು ಲೂಮಿಯೇರ್ ಸೋದರರು ದುಡ್ಡು ಪಡೆದು ಹತ್ತು ತುಣುಕು ತೋರಿಸಿದರು. ಅವುಗಳಲ್ಲಿ ಹೆಚ್ಚಿನವು ಇದ್ದದ್ದನ್ನು ಇದ್ದಹಾಗೆ ಹಿಡಿದವು: ಕಾರ್ಖಾನೆಯಿಂದ ಕೆಲಸಗಾರರು ಹೊರಬರುವುದು, ಮಗುವಿಗೆ ತಿಂಡಿ ತಿನ್ನಿಸುವುದು, ಇತ್ಯಾದಿ. ಒಂದು ಮಾತ್ರ ಕಟ್ಟಿದ ಕಥೆ. ನೀರು ಹಾಕುವವನಿಗೇ ನೀರು ಬಿದ್ದದ್ದು ಅಂತ ಅದರ ಫ್ರೆಂಚ್ ಹೆಸರನ್ನು ಕನ್ನಡದಲ್ಲಿ ಹೇಳಬಹುದು. ಒಂದು ನಿಮಿಷವೂ ಇಲ್ಲ. ಲೂಮಿಯೇರ್ ಮನೆಯ ಮಾಲಿ ಫ್ರಾಂಸ್ವಾ ಕ್ಲೇರ್ ಎಂಬವನೇ ಅದರಲ್ಲಿ ಮಾಲಿ.

ಅವನು ಪೈಪು ಹಿಡಿದು ಗಿಡಗಳಿಗೆ ನೀರು ಬಿಡುತ್ತಿದ್ದಾನೆ. ಹಿಂದಿನಿಂದ ಒಬ್ಬ ಹುಡುಗ ಬಂದು ಪೈಪಿನ ಮೇಲೆ ಕಾಲಿಡುತ್ತಾನೆ. ನೀರು ನಿಂತಿತು. ಮಾಲಿ ಪೈಪಿನ ಬಾಯನ್ನು ತನ್ನ ಮುಖದ ಕಡೆ ತಿರುಗಿಸಿ ಒಳಗೆ ಇಣುಕುತ್ತಾನೆ. ಹುಡುಗ ಕಾಲು ತೆಗೆಯುತ್ತಾನೆ. ಆಮೇಲಿನದು ಹೇಳಬೇಕಾಗಿಲ್ಲ.

ಈಗ ಲೆಕ್ಕ ಹಾಕಿ. ಹುಡುಗನಿಗೆ ಗೊತ್ತು. ನಮಗೆ ಗೊತ್ತು. ಮಾಲಿಗೆ ಗೊತ್ತಿಲ್ಲ. ಹುಡುಗ ಕಾಲಿಟ್ಟಲ್ಲಿಂದ ಕಾಲು ತೆಗೆಯುವವರೆಗಿನ ಆ ಕೆಲವೇ ಸೆಕೆಂಡುಗಳಲ್ಲಿ ನಾವು ಹುಡುಗನ ಗುಟ್ಟಿನಲ್ಲಿ ಪಾಲುದಾರರು. ನೀರು ಚಿಮ್ಮುವಷ್ಟರಲ್ಲಿ ನಮ್ಮ ನಗು ಆಗಲೇ ಗಂಟಲಿಗೆ ಬಂದಾಗಿದೆ. ನೀರು ಅದಕ್ಕೆ ಬಾಗಿಲು ತೆಗೆಯುತ್ತದೆ ಅಷ್ಟೆ. ಸುಮ್ಮನೆ ಒಬ್ಬನ ಮುಖಕ್ಕೆ ನೀರು ಬಿದ್ದ ಚಿತ್ರ ತೋರಿಸಿದ್ದರೆ ‘ಅಯ್ಯೋ ಪಾಪ’ ಅನ್ನುತ್ತಿದ್ದೆವು.

ಇನ್ನೊಂದು ವಿಷಯ ಗಮನಿಸಿ. ಮಾಲಿ ದಡ್ಡನಲ್ಲ. ನೀರು ನಿಂತರೆ ಪೈಪಿನ ಬಾಯಲ್ಲಿ ಏನಾದರೂ ಸಿಕ್ಕಿಕೊಂಡಿದೆಯೇ ಅಂತ ಯಾರಾದರೂ ನೋಡುವುದೇ. ಅವನು ಮಾಡಿದ್ದು ನಾನೂ ನೀವೂ ಮಾಡುವಂಥದ್ದು. ಪ್ರಹಸನ ಬರೆಯುವವರು ಬೀಳುವ ಪಾತ್ರವನ್ನು ಮೊದಲೇ ಪೆದ್ದನನ್ನಾಗಿ ಮಾಡಿಬಿಡುತ್ತಾರೆ. ಪೆದ್ದ ಬಿದ್ದರೆ ಆಶ್ಚರ್ಯವೇನು? ಬುದ್ಧಿಯಿರುವವನು ತನ್ನ ಬುದ್ಧಿಯನ್ನು ನೆಟ್ಟಗೆ ಉಪಯೋಗಿಸಿಕೊಂಡೇ ಬೀಳಬೇಕು.

ಚಿತ್ರದ ಕೊನೆಯನ್ನು ಬಹಳ ಜನ ಮರೆತುಬಿಡುತ್ತಾರೆ. ಒದ್ದೆಯಾದ ಮಾಲಿ ಹುಡುಗನನ್ನು ಅಟ್ಟಿಸಿಕೊಂಡು ಹೋಗಿ ಹಿಡಿಯುತ್ತಾನೆ. ಹಿಡಿದಲ್ಲೇ ಹೊಡೆಯಬಹುದಿತ್ತು. ಹಾಗೆ ಮಾಡದೆ ಎಳೆದುಕೊಂಡು ಕ್ಯಾಮೆರಾದ ಮುಂದೆ ತಂದು ಬಾರಿಸುತ್ತಾನೆ! ಕ್ಯಾಮೆರಾ ಆಗ ಕದಲುವಂತಿಲ್ಲ, ಚೌಕಟ್ಟಿನ ಆಚೆ ನಡೆದದ್ದು ನಡೆಯಲೇ ಇಲ್ಲ ಎಂದಂತೆ. ಸಿನಿಮಾ ಹುಟ್ಟಿದ ವರ್ಷವೇ ಈ ಮನುಷ್ಯನಿಗೆ ಪ್ರೇಕ್ಷಕ ಎಲ್ಲಿ ಕೂತಿದ್ದಾನೆ ಎಂಬುದು ಗೊತ್ತಿತ್ತು. ನಮ್ಮ ಗ್ಯಾದರಿಂಗಿನಲ್ಲಿ ಇವತ್ತಿಗೂ ನಟರು ಸಭೆಗೆ ಬೆನ್ನು ಹಾಕಿ ಬೀಳುತ್ತಾರೆ.

ಅದೇ ಲೂಮಿಯೇರ್ ಕಂಪನಿಯ ಆರು ತುಣುಕುಗಳು 1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿಗೆ ಬಂದವು. ಕಾಲಾಘೋಡಾದಲ್ಲಿ ಆ ಕಟ್ಟಡದ ಮುಂದೆ ನಾವೆಲ್ಲ ಎಷ್ಟು ಸಲ ಓಡಾಡಿದ್ದೇವೆ. ಅಂದಿನ ಆರರಲ್ಲಿ ಒಂದು, ಗೋಡೆ ಕೆಡವುವ ದೃಶ್ಯ. ಬೀಳುವ ಗೋಡೆಯ ವಿಷಯ ಮುಂದೆ ಮತ್ತೆ ಬರುತ್ತದೆ, ಆಗ ನೆನಪಿಡಿ.

ಕಾವ್ಯಮೀಮಾಂಸೆಯನ್ನು ಪರೀಕ್ಷೆಗೆಂದು ಓದಿದವರಿಗೆ ಭರತನ ಹಾಸ್ಯರಸದ ಭಾಗ ಗೊತ್ತಿರುತ್ತದೆ. ನಗೆಗೆ ಆರು ಮೆಟ್ಟಿಲು, ಸ್ಮಿತದಿಂದ ಅತಿಹಸಿತದವರೆಗೆ. ಮೊದಲೆರಡು ಉತ್ತಮರಿಗೆ, ನಡುವಿನವು ಮಧ್ಯಮರಿಗೆ, ಕೊನೆಯವು ಅಧಮರಿಗೆ. ಕಣ್ಣಲ್ಲಿ ನೀರು ಬರುವ ಹಾಗೆ ಪಕ್ಕೆ ಹಿಡಿದುಕೊಂಡು ನಗುವವರು ಅಧಮರಂತೆ. ನಾವು ಹೊಡೆತದ ಹಾಸ್ಯವನ್ನು ಕೀಳೆನ್ನುವುದಕ್ಕೆ ಈ ಮೆಟ್ಟಿಲುಗಳೂ ಒಂದು ಕಾರಣ ಅಂತ ನನ್ನ ಅನುಮಾನ. ಆದರೆ ಅದೇ ಅಧ್ಯಾಯದಲ್ಲಿ ಇನ್ನೊಂದು ವಿಂಗಡಣೆ ಇದೆ, ಅದು ಬಹಳ ಉಪಯೋಗದ್ದು. ತಾನೇ ನಗುವುದು ಆತ್ಮಸ್ಥ, ಇನ್ನೊಬ್ಬರನ್ನು ನಗಿಸುವುದು ಪರಸ್ಥ. ಇದನ್ನೂ ಕೈಯಲ್ಲಿಟ್ಟುಕೊಳ್ಳಿ, ಬೇಕಾಗುತ್ತದೆ.

ಅಮೆರಿಕದಲ್ಲಿ ಈ ಚಿತ್ರಗಳನ್ನು ಮೊದಮೊದಲು ನೋಡಿದವರು ಭರತನ ಉತ್ತಮರೇನೂ ಅಲ್ಲ. 1905ರಲ್ಲಿ ಪಿಟ್ಸ್‌ಬರ್ಗಿನಲ್ಲಿ ಐದು ಸೆಂಟಿನ ಟಿಕೆಟ್ಟಿನ ನಿಕಲೋಡಿಯನ್ ಶುರುವಾಯಿತು. ಕೆಲವೇ ವರ್ಷಗಳಲ್ಲಿ ಊರೂರಿನಲ್ಲಿ ಅಂಥ ಸಣ್ಣ ಥಿಯೇಟರುಗಳು. ಕಾರ್ಖಾನೆ ಕೆಲಸಗಾರರು, ಯುರೋಪಿನಿಂದ ಬಂದ ವಲಸಿಗರು, ಇಂಗ್ಲಿಷ್ ಓದಲು ಬಾರದವರು ಅಲ್ಲಿ ಕೂರುತ್ತಿದ್ದರು. ಬೇರೆ ಭಾಷೆಯ ಊರಿಗೆ ಬಂದು ಇಳಿದವನಿಗೆ ಮೊದಲು ಅರ್ಥವಾಗುವುದು ಮನುಷ್ಯರ ಕೈಕಾಲು, ಮುಖ. ಮರಾಠಿ ಬಾರದೆ ದಾದರಿನಲ್ಲಿ ಮೊದಲ ಸಲ ಲೋಕಲ್ ಹಿಡಿದವರಿಗೆ ಇದನ್ನು ವಿವರಿಸಬೇಕಾಗಿಲ್ಲ.

1912ರಲ್ಲಿ ಮ್ಯಾಕ್ ಸೆನೆಟ್ ಕೀಸ್ಟೋನ್ ಕಂಪನಿ ಕಟ್ಟಿದ. ಅಡ್ಡಾದಿಡ್ಡಿ ಓಡುವ ಪೊಲೀಸರು, ಡಿಕ್ಕಿ ಹೊಡೆಯುವ ಮೋಟಾರುಗಳು. ಆಗ ಕ್ಯಾಮೆರಾ ಕೈಯಿಂದ ತಿರುಗಿಸುವಂಥದ್ದು. ನಿಧಾನವಾಗಿ ತಿರುಗಿಸಿ ತೆಗೆದು, ತೋರಿಸುವಾಗ ಜೋರಾಗಿ ಓಡಿಸಿದರೆ ಮನುಷ್ಯ ಇರುವೆಯ ಹಾಗೆ ಓಡುತ್ತಾನೆ. ಸ್ಲ್ಯಾಪ್‌ಸ್ಟಿಕ್ ಅಂದರೆ ವೇಗ ಎಂಬ ಭ್ರಮೆ ಹುಟ್ಟಿದ್ದು ಇಲ್ಲಿಂದ. ಕೀಸ್ಟೋನಿನ ಗದ್ದಲ ನನಗೆ ಹತ್ತು ನಿಮಿಷದ ಮೇಲೆ ಬೇಸರ ತರಿಸುತ್ತದೆ. ಎಲ್ಲರೂ ಬಿದ್ದರೆ ಯಾರನ್ನು ನೋಡುವುದು?

ವೇಗ ಬೇಕಾಗಿಲ್ಲ ಎಂಬುದಕ್ಕೆ 1929ರ ‘ಬಿಗ್ ಬಿಸಿನೆಸ್’ ಸಾಕು. ಲಾರೆಲ್ ಮತ್ತು ಹಾರ್ಡಿ ಮನೆಮನೆಗೆ ಹೋಗಿ ಕ್ರಿಸ್‌ಮಸ್ ಮರ ಮಾರುತ್ತಾರೆ. ಒಬ್ಬ ಗಿರಾಕಿಗೆ ಬೇಡ. ಬಾಗಿಲು ಹಾಕಿದಾಗ ಮರದ ಕೊಂಬೆ ಸಿಕ್ಕಿಕೊಳ್ಳುತ್ತದೆ, ಮತ್ತೆ ಬೆಲ್ಲು, ಮತ್ತೆ ಬಾಗಿಲು. ಅಲ್ಲಿಂದ ಜಗಳ. ಇವರು ಅವನ ಮನೆಯನ್ನು ಒಡೆಯುತ್ತಾರೆ, ಅವನು ಇವರ ಕಾರನ್ನು ಚೂರು ಚೂರು ಮಾಡುತ್ತಾನೆ. ಇದರ ಸೊಗಸು ಏನೆಂದರೆ ಒಬ್ಬನು ಒಡೆಯುವಾಗ ಇನ್ನೊಬ್ಬನು ತಡೆಯುವುದಿಲ್ಲ. ನಿಂತು ನೋಡುತ್ತಾನೆ. ಏನು ಮಾಡಿದ ಅಂತ ಪೂರ್ತಿ ತಿಳಿದುಕೊಂಡ ಮೇಲೆ ತನ್ನ ಸರದಿ. ಪೊಲೀಸಿನವನೂ ದೂರದಲ್ಲಿ ನಿಂತು ಟಿಪ್ಪಣಿ ಬರೆದುಕೊಳ್ಳುತ್ತಾನೆ. ಮುಂದೆ ಏನಾಗುತ್ತದೆ ಎಂದು ಕಾಯುವ ಹೊತ್ತೇ ಅಲ್ಲಿ ನಗು.

ಈಗ ಚಾಪ್ಲಿನ್. ಅವನು 1914ರಲ್ಲಿ ಕೀಸ್ಟೋನಿನಲ್ಲೇ ಪರದೆಗೆ ಬಂದವನು. ನನಗೆ ಇಲ್ಲಿ ಬೇಕಾದ ಚಿತ್ರ 1917ರ ‘ದಿ ಇಮಿಗ್ರಂಟ್’, ಎರಡು ರೀಲಿನದು. ವಲಸಿಗರನ್ನು ಹೊತ್ತ ಹಡಗು ಹೊಯ್ದಾಡುತ್ತಿದೆ. ಒಬ್ಬ ಮನುಷ್ಯ ಕಟಾಂಜನದ ಮೇಲಿಂದ ಸಮುದ್ರಕ್ಕೆ ಬಾಗಿದ್ದಾನೆ. ನಮಗೆ ಕಾಣುವುದು ಬೆನ್ನು, ಕಾಲು, ಕುಲುಕಾಡುವ ಮೈ. ಪಾಪ, ವಾಂತಿ ಮಾಡಿಕೊಳ್ಳುತ್ತಿದ್ದಾನೆ ಅಂದುಕೊಳ್ಳುತ್ತೇವೆ. ತಿರುಗಿದರೆ ಚಾರ್ಲಿಯ ಕೈಯಲ್ಲಿ ಮೀನು! ಇಷ್ಟು ಹೊತ್ತೂ ಗಾಳ ಹಾಕುತ್ತಿದ್ದ. ಮಾಲಿಯ ಚಿತ್ರದಲ್ಲಿ ನಮಗೆ ಹೆಚ್ಚು ಗೊತ್ತಿತ್ತು, ಇಲ್ಲಿ ಕಮ್ಮಿ ಗೊತ್ತಿದೆ. ತಕ್ಕಡಿ ತಿರುಗಿತು. ಮೋಸಹೋದವರು ನಾವು.

ಸ್ವಾತಂತ್ರ್ಯ ದೇವತೆಯ ಪ್ರತಿಮೆ ಕಾಣುತ್ತದೆ, ಎಲ್ಲರೂ ಆಸೆಯಿಂದ ನೋಡುತ್ತಾರೆ. ಮರುಕ್ಷಣವೇ ಅಧಿಕಾರಿಗಳು ದನ ಕೂಡುವ ಹಾಗೆ ಅವರನ್ನು ಹಗ್ಗ ಹಾಕಿ ಒತ್ತರಿಸುತ್ತಾರೆ. ಚಾರ್ಲಿ ಒಬ್ಬ ಅಧಿಕಾರಿಗೆ ಹಿಂದಿನಿಂದ ಒದೆಯುತ್ತಾನೆ. ಅದೇ 1917ರ ಫೆಬ್ರವರಿಯಲ್ಲಿ ಅಮೆರಿಕ ಓದಲು ಬಾರದ ವಲಸಿಗರನ್ನು ತಡೆಯುವ ಕಾನೂನು ಮಾಡಿತ್ತು. ಭಾರತವೂ ಸೇರಿದಂತೆ ಏಷ್ಯಾದ ಬಹುಭಾಗದ ಜನಕ್ಕೆ ಬಾಗಿಲನ್ನೇ ಮುಚ್ಚಿತ್ತು. ಆ ಒದೆಯನ್ನು ಐದು ಸೆಂಟಿನ ಬೆಂಚಿನಲ್ಲಿ ಕೂತವರು ಹೇಗೆ ನೋಡಿರಬೇಕು ಅಂತ ಯೋಚಿಸಿ.

ಚಿತ್ರದ ಎರಡನೆಯ ಅರ್ಧ ಒಂದು ಹೋಟೆಲಿನಲ್ಲಿ. ಚಾರ್ಲಿಗೆ ಬೀದಿಯಲ್ಲಿ ಒಂದು ನಾಣ್ಯ ಸಿಕ್ಕಿದೆ, ಜೇಬಿಗೆ ಹಾಕಿದ್ದಾನೆ, ಜೇಬಿನಲ್ಲಿ ತೂತು. ನಮಗೆ ಗೊತ್ತು, ಅವನಿಗೆ ಗೊತ್ತಿಲ್ಲ. ಮತ್ತೆ ಮಾಲಿಯ ಪೈಪು! ಅವನು ಠೀವಿಯಿಂದ ಅವರೆಕಾಳಿನ ಪಲ್ಯದಂಥದ್ದೇನನ್ನೋ ತರಿಸಿಕೊಂಡು ತಿನ್ನುತ್ತಾನೆ. ಅಷ್ಟರಲ್ಲಿ ಪಕ್ಕದಲ್ಲಿ ಒಬ್ಬ ಗಿರಾಕಿಯನ್ನು ಬೆಟ್ಟದಂಥ ವೇಟರ್ ಮತ್ತು ಅವನ ಸಂಗಡಿಗರು ಹಿಡಿದು ಚಚ್ಚುತ್ತಾರೆ. ಏನು ಅಪರಾಧ? ಬಿಲ್ಲಿಗೆ ಹತ್ತು ಸೆಂಟು ಕಮ್ಮಿ. ಚಾರ್ಲಿ ಮೆಲ್ಲಗೆ ಜೇಬು ತಡಕುತ್ತಾನೆ. ಈಗ ಅವನಿಗೂ ಗೊತ್ತಾಯಿತು, ವೇಟರಿಗೆ ಮಾತ್ರ ಗೊತ್ತಿಲ್ಲ. ಇಲ್ಲಿಂದ ಮುಂದೆ ಬಹಳ ಹೊತ್ತು ಯಾರೂ ಬೀಳುವುದಿಲ್ಲ, ಆದರೂ ಉಸಿರು ಬಿಗಿಹಿಡಿದು ನಗುತ್ತೇವೆ. ಸಿಕ್ಕ ಇನ್ನೊಂದು ನಾಣ್ಯವನ್ನು ಕೊಟ್ಟರೆ ವೇಟರ್ ಅದನ್ನು ಹಲ್ಲಿನಲ್ಲಿ ಕಚ್ಚಿ ಬಗ್ಗಿಸಿ ತೋರಿಸುತ್ತಾನೆ: ಖೋಟಾ. ಕೊನೆಗೆ ಒಬ್ಬ ಚಿತ್ರಕಾರ ಬಿಲ್ಲು ತಾನು ಕೊಡುತ್ತೇನೆ ಅನ್ನುತ್ತಾನೆ. ಚಾರ್ಲಿ ಮರ್ಯಾದೆಗೆ ‘ಬೇಡ ಬೇಡ’ ಅನ್ನುತ್ತಾನೆ. ಒಂದು ಸಲ ಹೆಚ್ಚಾಗಿಯೇ ಅಂದುಬಿಡುತ್ತಾನೆ. ಆ ಮನುಷ್ಯ ಸುಮ್ಮನಾಗುತ್ತಾನೆ. ನೆಂಟರ ಮನೆಯಲ್ಲಿ ಇನ್ನೊಂದು ಹೋಳಿಗೆಗೆ ‘ಸಾಕು’ ಅಂದು ಸಿಕ್ಕಿಬಿದ್ದವರಿಗೆಲ್ಲ ಆ ಮುಖ ಗೊತ್ತು.

ಈ ಚಿತ್ರ ತಯಾರಾದ ಬಗೆ 1983ರಲ್ಲಿ ಕೆವಿನ್ ಬ್ರೌನ್ಲೋ ಮತ್ತು ಡೇವಿಡ್ ಗಿಲ್ ಮಾಡಿದ ‘ಅನ್‌ನೋನ್ ಚಾಪ್ಲಿನ್’ ಸಾಕ್ಷ್ಯಚಿತ್ರದಿಂದ ಗೊತ್ತಾಯಿತು. ಬಿಸಾಡದೆ ಉಳಿದ ಫಿಲ್ಮ್ ಚೂರುಗಳನ್ನು ಜೋಡಿಸಿ ನೋಡಿದರೆ, ಚಾಪ್ಲಿನ್ ಮೊದಲು ಶುರುಮಾಡಿದ್ದು ಬರೀ ಹೋಟೆಲಿನ ಕಥೆ. ಹಡಗು ಆಮೇಲೆ ಹೊಳೆದದ್ದು. ಇನ್ನೂ ಮುಖ್ಯ ಸಂಗತಿ, ಮೊದಲು ವೇಟರ್ ಆಗಿದ್ದವನು ಹೆನ್ರಿ ಬರ್ಗ್‌ಮನ್. ಅವನಿಂದ ಕೆಲಸ ಆಗಲಿಲ್ಲ. ದೈತ್ಯಾಕಾರದ ಎರಿಕ್ ಕ್ಯಾಂಬೆಲ್‌ನನ್ನು ಹಾಕಿ ಎಲ್ಲವನ್ನೂ ಮತ್ತೆ ತೆಗೆದ. ಯಾಕೆ? ಬರ್ಗ್‌ಮನ್ ನಗಿಸಬಲ್ಲ, ಹೆದರಿಸಲಾರ. ವೇಟರಿಗೆ ನಾವು ಹೆದರದಿದ್ದರೆ ಜೇಬಿನ ತೂತಿಗೆ ಬೆಲೆಯೇ ಇಲ್ಲ.

ಇಲ್ಲಿ ಸ್ವಲ್ಪ ಕಟುವಾಗಿ ಮಾತಾಡುತ್ತೇನೆ, ಬೇಸರ ಮಾಡಿಕೊಳ್ಳಬೇಡಿ. ನಮ್ಮ ಪ್ರಹಸನಗಳಲ್ಲಿ ನಗಿಸಲು ಬರುವವರು ಯಾರು? ತೊದಲುವವನು, ಕಿವುಡ ಮುದುಕ, ಹಳ್ಳಿಯ ಕನ್ನಡದ ಅಡಿಗೆಯವನು, ದಪ್ಪಗಿರುವ ಹೆಂಗಸು. ಅವರಿಗೆ ಏನು ಬೇಕು, ಏನು ಭಯ ಎಂಬುದು ಬರೆದವನಿಗೇ ಗೊತ್ತಿಲ್ಲ. ಭರತ ಹಾಸ್ಯಕ್ಕೆ ಕಾರಣಗಳನ್ನು ಹೇಳುವಾಗ ವಿಕೃತ ವೇಷವನ್ನು ಮೊದಲು ಎಣಿಸುತ್ತಾನೆ, ಅಂಗವಿಕಲರನ್ನು ತೋರಿಸುವುದೂ ಆ ಪಟ್ಟಿಯಲ್ಲಿದೆ. ನಾವು ಅಲ್ಲೇ ನಿಂತಿದ್ದೇವೆ. ಮೂಕಿ ಚಿತ್ರಗಳೂ ಈ ದೋಷದಿಂದ ಪಾರಾಗಿಲ್ಲ. ಕರಿಯರನ್ನು ಅಣಕಿಸಲು ಬಿಳಿಯರು ಮುಖಕ್ಕೆ ಮಸಿ ಬಳಿದುಕೊಳ್ಳುವ ಕೆಟ್ಟ ಸಂಪ್ರದಾಯ ಅವುಗಳಲ್ಲಿ ಧಾರಾಳವಾಗಿದೆ. ಬಸ್ಟರ್ ಕೀಟನ್ ಒಂದೇ ಪರದೆಯ ಮೇಲೆ ಹಲವು ತಾನಾಗಿ ಕಾಣಿಸಿಕೊಳ್ಳುವ 1921ರ ‘ದಿ ಪ್ಲೇಹೌಸ್’ನಲ್ಲೂ ಇದೆ. ತಂತ್ರದ ದೃಷ್ಟಿಯಿಂದ ಅದ್ಭುತ ಚಿತ್ರ, ಆದರೆ ಆ ಭಾಗ ನೋಡುವಾಗ ನಗು ಬರುವುದಿಲ್ಲ. ಅಲ್ಲಿ ಯಾರಿಗೂ ಏನೂ ಗೊತ್ತಾಗುವುದಿಲ್ಲ, ಯಾವ ಲೆಕ್ಕವೂ ನಡೆಯುವುದಿಲ್ಲ. ಬರೀ ವೇಷ.

ಕೀಟನ್ ಹೆಸರು ಬಂತು, ಅವನಲ್ಲಿಗೇ ಹೋಗೋಣ. ಹುಟ್ಟಿದ್ದು 1895ರಲ್ಲಿ, ಮಾಲಿಯ ಚಿತ್ರದ ವರ್ಷವೇ. ಅಪ್ಪ ಅಮ್ಮ ಊರೂರು ತಿರುಗಿ ರಂಗದ ಮೇಲೆ ತಮಾಷೆ ಮಾಡುತ್ತಿದ್ದವರು. ಮಗುವನ್ನು ಅಪ್ಪ ರಂಗದ ಮೇಲೆ ಎತ್ತಿ ಎಸೆಯುತ್ತಿದ್ದ. ಹಿಡಿದು ಎಸೆಯಲು ಅನುಕೂಲವಾಗಲಿ ಅಂತ ಅಂಗಿಯ ಬೆನ್ನಿಗೆ ಪೆಟ್ಟಿಗೆಯ ಹಿಡಿ ಹೊಲಿದಿದ್ದರು. ಮಕ್ಕಳ ಮೇಲಿನ ಕ್ರೌರ್ಯ ತಡೆಯುವ ಸಂಘದವರು ಬೆನ್ನು ಹತ್ತಿದ್ದೂ ಉಂಟು. ಆ ಹುಡುಗನಿಗೆ ಅಲ್ಲಿ ಒಂದು ಗುಟ್ಟು ಸಿಕ್ಕಿತು: ಎಸೆಯಲ್ಪಟ್ಟಾಗ ತಾನು ನಕ್ಕರೆ ಜನ ನಗುವುದಿಲ್ಲ, ಮುಖ ಗಟ್ಟಿಮಾಡಿಕೊಂಡರೆ ನಗುತ್ತಾರೆ. ಆಮೇಲೆ ಅವನು ಪರದೆಯ ಮೇಲೆ ನಕ್ಕದ್ದು ತೀರ ಅಪರೂಪ. ಕಲ್ಲುಮುಖದವನು ಅಂತಲೇ ಹೆಸರಾಯಿತು. ಭರತನ ಮಾತಿನಲ್ಲಿ ಹೇಳಿದರೆ ಪೂರ್ತಿ ಪರಸ್ಥ, ಆತ್ಮಸ್ಥ ಸೊನ್ನೆ. ನಮ್ಮ ಹುಡುಗರು ಜೋಕು ಹೇಳುವುದಕ್ಕೆ ಮುಂಚೆ ತಾವೇ ನಕ್ಕುಬಿಡುತ್ತಾರಲ್ಲ, ಅದಕ್ಕೆ ಇದೇ ಔಷಧ.

1920ರ ‘ಒನ್ ವೀಕ್’ ಅವನ ಎರಡು ರೀಲಿನ ಚಿತ್ರ, ಎಡ್ವರ್ಡ್ ಕ್ಲೈನ್ ಜೊತೆ ಸೇರಿ ನಿರ್ದೇಶಿಸಿದ್ದು. ಬಿಡಿಭಾಗ ತಂದು ಮನೆ ಕಟ್ಟಿಕೊಳ್ಳುವುದನ್ನು ಹೊಗಳಿ ಫೋರ್ಡ್ ಕಂಪನಿ 1919ರಲ್ಲಿ ಒಂದು ಚಿತ್ರ ಮಾಡಿತ್ತು, ಅದರ ಅಣಕ ಇದು. ಹೊಸದಾಗಿ ಮದುವೆಯಾದ ಗಂಡಹೆಂಡತಿಗೆ ಒಂದು ಮನೆ ಉಡುಗೊರೆ ಬರುತ್ತದೆ, ಮರದ ಪೆಟ್ಟಿಗೆಗಳಲ್ಲಿ. ಪೆಟ್ಟಿಗೆಗಳ ಮೇಲೆ ನಂಬರು. ನಂಬರಿನ ಪ್ರಕಾರ ಜೋಡಿಸಿದರೆ ಮನೆ. ಹುಡುಗಿ ಒಲ್ಲೆ ಅಂದಿದ್ದ ಒಬ್ಬ ಗುಟ್ಟಾಗಿ ಬಂದು ನಂಬರು ತಿದ್ದುತ್ತಾನೆ. ಗಂಡಹೆಂಡತಿ (ಹೆಂಡತಿ ಸಿಬಿಲ್ ಸೀಲಿ, ಬರೀ ಅಂದಕ್ಕೆ ನಿಂತವಳಲ್ಲ, ಸಮಸಮ ದುಡಿಯುತ್ತಾಳೆ) ಪುಸ್ತಕ ಹಿಡಿದು, ಒಂದು ಅಕ್ಷರ ತಪ್ಪದೆ ಕಟ್ಟುತ್ತಾರೆ. ಎದ್ದ ಮನೆ ಹೇಗಿದೆ? ಗೋಡೆಗಳು ಸೊಟ್ಟ, ಮಹಡಿಯ ಬಾಗಿಲು ಗಾಳಿಗೆ ತೆರೆಯುತ್ತದೆ, ಅಡಿಗೆಮನೆಯ ತೊಟ್ಟಿ ಹೊರಗೋಡೆಗೆ ಅಂಟಿಕೊಂಡಿದೆ. ಕೀಟನ್ ಮಹಡಿಯ ಆ ಬಾಗಿಲಿನಿಂದ ನೆಟ್ಟಗೆ ಕೆಳಕ್ಕೆ ಬೀಳುತ್ತಾನೆ. ಬಾಗಿಲಿದ್ದರೆ ಆಚೆ ನೆಲವಿರಬೇಕು, ಅವನ ನಂಬಿಕೆಯಲ್ಲಿ ತಪ್ಪೇನಿದೆ?

ಆ ಮನೆಯನ್ನು ನಿಜವಾಗಿ ಕಟ್ಟಿದ್ದರು. ಬಿರುಗಾಳಿಗೆ ಮನೆ ಬುಗುರಿಯ ಹಾಗೆ ಸುತ್ತುವ ದೃಶ್ಯಕ್ಕೆ ಅದನ್ನು ತಿರುಗುವ ಕಟ್ಟೆಯ ಮೇಲೆ ಕೂರಿಸಿದ್ದರು. ಬೀಳುವ ಮೈಯೂ ನಿಜ, ಪೆಟ್ಟೂ ನಿಜ. ‘ದಿ ಎಲೆಕ್ಟ್ರಿಕ್ ಹೌಸ್’ ಮಾಡುವಾಗ ಕೀಟನ್ ಕಾಲು ಮುರಿದುಕೊಂಡು ಅದನ್ನು ನಿಲ್ಲಿಸಬೇಕಾಯಿತು, 1922ರಲ್ಲಿ ಹೊಸದಾಗಿ ತೆಗೆದ. ಹೆರಾಲ್ಡ್ ಲಾಯ್ಡ್ 1919ರಲ್ಲಿ ಆಟಿಕೆಯ ಬಾಂಬು ಅಂದುಕೊಂಡದ್ದು ಸಿಡಿದು ಬಲಗೈಯ ಎರಡು ಬೆರಳು ಕಳೆದುಕೊಂಡ. ಗೋಡೆಯ ವಿಷಯ ಹೇಳಿದ್ದೆನಲ್ಲ: 1919ರ ‘ಬ್ಯಾಕ್ ಸ್ಟೇಜ್’ನಲ್ಲಿ ನಾಟಕದ ಹಗುರ ಸೆಟ್ಟು ಬೀಳುತ್ತದೆ, ಅದರ ಕಿಟಕಿಯ ತೆರವು ಕೆಳಗಿದ್ದವನ ಪಾಲಿಗೆ ಬಂದು ಅವನು ಉಳಿಯುತ್ತಾನೆ. ‘ಒನ್ ವೀಕ್’ನಲ್ಲಿ ಮನೆಯ ಗೋಡೆಯೇ ಕೀಟನ್ ಮೇಲೆ ಬರುತ್ತದೆ. 1928ರ ‘ಸ್ಟೀಮ್‌ಬೋಟ್ ಬಿಲ್ ಜೂನಿಯರ್’ ಎಂಬ ದೊಡ್ಡ ಚಿತ್ರದಲ್ಲಿ ಸುಮಾರು ಎರಡು ಟನ್ ತೂಕದ ಮುಂಗೋಡೆ, ಮೈಗೂ ಕಿಟಕಿಯ ಅಂಚಿಗೂ ಕೆಲವೇ ಇಂಚು. ಪ್ರತಿ ಸಲವೂ ನಮಗೆ ಗೊತ್ತಿರುವುದು ಒಂದೇ: ಗೋಡೆ ಬರುತ್ತಿದೆ. ಅವನು ನೋಡುತ್ತಿಲ್ಲ.

ಈಗ ‘ಒನ್ ವೀಕ್’ನ ಕೊನೆ. ಇಷ್ಟೆಲ್ಲ ಆದ ಮೇಲೆ ಸೈಟಿನ ನಂಬರನ್ನು ತಲೆಕೆಳಗಾಗಿ ಓದಿದ್ದು ಗೊತ್ತಾಗುತ್ತದೆ. ಅವರ ಜಾಗ ರೈಲು ಹಳಿಯ ಆಚೆ. ಪೀಪಾಯಿಗಳ ಮೇಲೆ ಮನೆಯನ್ನು ಉರುಳಿಸಿಕೊಂಡು ಹೊರಟರೆ ಸರಿಯಾಗಿ ಹಳಿಯ ಮೇಲೆ ಸಿಕ್ಕಿಕೊಳ್ಳುತ್ತದೆ. ದೂರದಲ್ಲಿ ರೈಲು. ಎಳೆಯುತ್ತಾರೆ, ನೂಕುತ್ತಾರೆ, ಆಗುವುದಿಲ್ಲ. ಕಣ್ಣು ಮುಚ್ಚಿಕೊಂಡು ನಿಲ್ಲುತ್ತಾರೆ. ರೈಲು ಬಂತು, ಪಕ್ಕದ ಹಳಿಯ ಮೇಲೆ ಹಾದುಹೋಯಿತು! ಕ್ಯಾಮೆರಾ ಇಟ್ಟಿರುವ ಕೋನದಿಂದ ಅದು ಇದೇ ಹಳಿಯ ಮೇಲೆ ಬರುತ್ತಿದೆ ಅಂತಲೇ ನಾವು ನಂಬಿದ್ದೆವು. ಮಾಲಿಯ ಚಿತ್ರದಿಂದ ಹಿಡಿದು ಇಲ್ಲಿಯವರೆಗೆ ಎಲ್ಲವನ್ನೂ ಮೊದಲೇ ತಿಳಿದುಕೊಂಡು ಜಂಬದಿಂದ ಕೂತಿದ್ದ ನಾವು ಈಗ ಗಂಡಹೆಂಡತಿಯ ಜೊತೆ ಕಣ್ಣು ಬಿಡುತ್ತೇವೆ, ಅವರ ಜೊತೆಗೇ ನಿಟ್ಟುಸಿರು ಬಿಡುತ್ತೇವೆ. ಆ ಉಸಿರು ಪೂರ್ತಿ ಹೊರಬರುವ ಮೊದಲೇ ಎದುರು ದಿಕ್ಕಿನಿಂದ ಇನ್ನೊಂದು ರೈಲು ಬಂದು ಮನೆಯನ್ನು ಪುಡಿಪುಡಿ ಮಾಡಿಕೊಂಡು ಹೋಗುತ್ತದೆ. ಪೈಪಿನ ಬಾಯಿಗೆ ಇಣುಕಿದವರು ಈ ಸಲ ನಾವೇ.

ಈ ಚಿತ್ರಗಳು ಇವತ್ತು ಫೋನಿನಲ್ಲೇ ಸಿಗುತ್ತವೆ. ಬರೆಯುವವರು ಒಂದು ಸಲ ನಕ್ಕು, ಎರಡನೆಯ ಸಲ ಸುಮ್ಮನೆ ಕೂತು ನೋಡಿ: ಯಾವ ಕ್ಷಣದಲ್ಲಿ ಯಾರಿಗೆ ಏನು ಗೊತ್ತಿದೆ ಅಂತ ಒಂದು ಹಾಳೆಯಲ್ಲಿ ಬರೆದುಕೊಳ್ಳಿ. ‘ಒನ್ ವೀಕ್’ ಮುಗಿದಾಗ ನಿಮ್ಮ ಹಾಳೆಯಲ್ಲಿ ಒಂದು ಖಾಲಿ ಜಾಗ ಉಳಿಯುತ್ತದೆ. ಪೆಟ್ಟಿಗೆಯ ನಂಬರುಗಳನ್ನು ಯಾರೋ ತಿದ್ದಿದ್ದರು ಎಂಬುದು ಕೀಟನ್‌ಗೆ ಕೊನೆಗೂ ತಿಳಿಯುವುದೇ ಇಲ್ಲ. ಅವನು ಪುಡಿಯಾದ ಮನೆಯ ಮುಂದೆ ‘ಮಾರಾಟಕ್ಕಿದೆ’ ಎಂಬ ಹಲಗೆ ನಿಲ್ಲಿಸುತ್ತಾನೆ, ಕೊಳ್ಳುವವರಿಗೆ ಬೇಕಾದೀತು ಅಂತ ಮನೆ ಕಟ್ಟುವ ಪುಸ್ತಕವನ್ನೂ ಅದರ ಜೊತೆಗೇ ಇಡುತ್ತಾನೆ, ಹೆಂಡತಿಯ ಕೈ ಹಿಡಿದು ನಡೆದುಬಿಡುತ್ತಾನೆ.